ಹೇಳ್ದೆ ಹೋಗ್ಬಾರ್ದ ಮನೆ

ಆಪಾನ ಬಲಗಣ್ಣಿನ ಸುತ್ತ ಒಂದು ಕಪ್ಪು ಉಂಗುರ ಇತ್ತು. ಮೈ ಮೇಲೆ ಬಳೆ ಒತ್ತಿ ಎತ್ತಿದ್ರೆ ಗುರುತು ಉಳೀತದಲ್ಲ, ಅಂಗೆ. ಆದ್ರೆ ಇದು ಅಳಿಸೋಗದ ಗುರುತು. ಮೊದ್ಲು ನೋಡ್ದೋರು ಯಾರೋ ಗುದ್ದವ್ರೆ ಅಂದ್ಕೊಳ್ಳೋರು. ನಾನೂ ಅಂದ್ಕೊಂಡಿದ್ದೆ. ನನ್ ಬಾಯಿ ಸುಮ್ನಿರಲ್ಲ ಅಂತ ಈ ಪೇಜ್ ಓದೋರಿಗೆಲ್ಲ ಗೊತ್ತು, ಕೇಳೇಬುಟ್ಟೆ.

"ಯಾರ್ ಆಪಾ ಹೊಡ್ದಿದ್ದು?"

"ಕ್ಯಾಮೆರಾ ಕಣೇ. ಗಂಡ ಹೊಡ್ದಿದ್ರೆ ವಾರದಲ್ಲಿ ವಾಸಿ ಆಗೋದು."

ದಪ್ಪ ವಿಡಿಯೋ ಕ್ಯಾಮೆರಾನ ಹೆಗಲ ಮೇಲೆ ಹೊತ್ಕೊಂಡು, ಅದುರ ರಬ್ಬರ್ ಬಟ್ಲಿಗೆ ಕಣ್ಣು ಒತ್ತಿ ಒತ್ತಿ ಬಂದಿದ್ದ ಉಂಗುರ ಅದು. ಬಲಗಡೆ ಹೆಗಲೂ ಅಷ್ಟೇ, ಎಡಗಡೇದಕ್ಕಿಂತ ಇಳಿದಿತ್ತು. ಬಸ್ ಹತ್ತಿದ್ರೆ ಯಾರಾದ್ರೂ ಎದ್ದು ಸೀಟು ಕೊಡೋರು, ಪಾಪ ಈಯಮ್ಮಂಗೆ ಏನೋ ಕಾಯ್ಲೆ ಅಂತ. ಆಪಾ ಬ್ಯಾಡ ಅನ್ನೋರೇ ಅಲ್ಲ. ಕೂತ್ಕೊಂಡು, ಚೀಲ ತೊಡೆ ಮೇಲೆ ಇಟ್ಕೊಂಡು, ನಿಂತಿದ್ದ ನನ್ ಕಡೆ ನೋಡಿ ಕಣ್ ಹೊಡೆಯೋರು.

ಮುಸಲ್ಮಾನರ ಮನೇಲಿ ಅಕ್ಕಂಗೆ ಆಪಾ ಅಂತಾರೆ. ನಮ್ ಗೌಡ್ರ ಮನೆ ಹೆಂಗುಸ್ರು ಅದುಕ್ಕೊಂದು ಅಮ್ಮನ್ನ ಅಂಟ್ಸಿ ಆಪಮ್ಮ ಮಾಡ್ಬುಟ್ಟಿದ್ರು. ಶ್ರೀರಂಗಪಟ್ಟಣದ ಪೇಟೆ ಬೀದೀಲಿ ಅವ್ರ ಯಜಮಾನ್ರದ್ದು ಸ್ಟುಡಿಯೋ. ಅವ್ರ ಜನದ ಮದ್ವೇಲಿ ಹೆಂಗುಸ್ರು ಕೂರೋ ಕಡೆ ಗಂಡಸ್ರು ಕ್ಯಾಮೆರಾ ತಗೊಂಡು ಹೋಗಂಗಿಲ್ಲ ನೋಡಿ, ಅದುಕ್ಕೆ ಯಜಮಾನ್ರು ಹೆಂಡ್ತಿಗೇ ಶೂಟಿಂಗ್ ಕಲಿಸಿದ್ರು. ಆಚೆ ಅವ್ರು, ಒಳಗೆ ಇವ್ರು. ಆಮೇಲೆ ಯಜಮಾನ್ರು ತೀರ್ಕೊಂಡ್ರು, ಎರಡೂ ಕಡೆ ಇವ್ರೇ ಆದ್ರು. ಪಾಂಡವಪುರ, ಕೆ.ಆರ್.ಪೇಟೆ, ನಾಗಮಂಗಲ, ಎಲ್ಲಿ ಮದ್ವೆ ಇದ್ರೂ ತಲೆ ಮೇಲೆ ಸೆರಗು, ಕಾಲಲ್ಲಿ ಗಂಡಸ್ರ ಬೂಟು, ಹೆಗಲ ಮೇಲೆ ಕ್ಯಾಮೆರಾ. "ಆಪಾ ತೆಗುದ್ರೆ ಅತ್ತೆ ಮುಖನೂ ಚೆಂದ ಕಾಣ್ತದೆ" ಅಂತ ಒಂದು ಮಾತೇ ಇತ್ತು. ಬಾಬುರಾಯನಕೊಪ್ಪಲಿಗೆ ನನ್ನ ಕೊಟ್ಟ ಮದ್ವೆ ತೆಗೆದೋರೂ ಅವ್ರೇ. ನಾನು ತವರಿಂದ ಹೊರಡೋ ಟೈಮಲ್ಲಿ ಅಳು ತಡ್ಕೊಂಡು ನಿಂತಿದ್ರೆ ಕಿವಿ ಹತ್ರ ಬಂದು, "ಅಳೋದಾದ್ರೆ ಈಗ್ಲೇ ಅತ್ಬುಡು ಹುಡ್ಗಿ, ಬ್ಯಾಟ್ರಿ ಮುಗೀತಾ ಐತೆ" ಅಂದಿದ್ರು. ಸೀಡೀಲಿ ನಾನು ಅಳ್ತಾ ಅಳ್ತಾ ನಗ್ತಿರೋದು ಅದುಕ್ಕೇ.

ಆಮೇಲೆ ಎಲ್ರ ಕೈಗೂ ಮೊಬೈಲು ಬಂತು, ಸ್ಟುಡಿಯೋಗೆ ಜನ ಬರೋದು ಕಮ್ಮಿ ಆಯ್ತು. ಬಾಗಿಲು ಹಾಕ್ತಾರೆ ಅಂದ್ಕೊಂಡಿದ್ವಿ. ಅಷ್ಟರಲ್ಲಿ ಪುಟ್ತಾಯಮ್ಮ ಬಂದ್ರು.

ಅವತ್ತು ನಾನೂ ಅಲ್ಲೇ ಇದ್ದೆ. ಈ ಪೇಜಿಗೆ ಹಾಕೋಕೆ ಮೊಬೈಲಲ್ಲಿ ತೆಗೆದ ವಿಡಿಯೋದಲ್ಲಿ ನನ್ ಮುಖ ಯಾಕೆ ಬದ್ನೆಕಾಯಿ ಥರ ಕಾಣ್ತದೆ ಅಂತ ಕೇಳೋಕೆ ಹೋಗಿದ್ದೆ. ನಾಗಮಂಗಲದ ಕಡೆಯ ಹೆಂಗುಸು, ಕೈಯಲ್ಲಿ ರವಿಕೆ ಬಟ್ಟೇಲಿ ಸುತ್ತಿದ್ದ ಒಂದು ಸೀಡಿ. ಮಗನ ಮದ್ವೇದು, ಆಪಾನೇ ತೆಗೆದಿದ್ದು. ಮಗ ಲಾರಿ ಓಡುಸ್ತಿದ್ದೋನು, ಮದ್ವೆ ಆದ ಸ್ವಲ್ಪ ದಿನಕ್ಕೆ ಹೊರದೇಶಕ್ಕೆ ಡ್ರೈವರ್ ಕೆಲಸಕ್ಕೆ ಹೋದ. ಆ ದೇಶದಲ್ಲಿ ಯುದ್ಧ ಹತ್ಕೊಂತು. ದೇವರ ಹೆಸರು ಹೇಳ್ಕೊಂಡು ಬಂದೂಕು ಹಿಡಿದೋರು ಒಂದಿನ ರಸ್ತೆಗೆ ಅಡ್ಡ ನಿಂತು ಇವನ ಗಾಡೀನ ತಿರುಗಿಸ್ಕೊಂಡು ಹೋದ್ರಂತೆ. ಹಿಂದಿನ ಗಾಡೀಲಿದ್ದ ಒಬ್ಬ ತಪ್ಪಿಸ್ಕೊಂಡು ಬಂದು ಅಷ್ಟು ಹೇಳ್ದ. ಅಷ್ಟೇ. ಆಮೇಲೆ ಫೋನೂ ಇಲ್ಲ, ಹೆಣನೂ ಇಲ್ಲ. ಸತ್ತ ಅನ್ನೋಕೂ ಇಲ್ಲ, ಬದುಕವ್ನೆ ಅನ್ನೋಕೂ ಇಲ್ಲ. ವರ್ಷಗಳೇ ಕಳೆದಿದ್ವು.

"ಇದು ಆಡ್ತಿಲ್ಲ ಕಣವ್ವ," ಅಂತ ಪುಟ್ತಾಯಮ್ಮ ಸೀಡಿ ಚಾಚಿದ್ರು. "ಮನೇಲಿ ಪೋಟ ಐತೆ. ಪೋಟ ನಿಂತ್ಕಂಬುಡ್ತದೆ. ನನ್ ಮಗ ಓಡಾಡದ ನೋಡ್ಬೇಕು."

ಆಪಾ ಸೀಡೀನ ಬೆಳಕಿಗೆ ಓರೆ ಮಾಡಿ ನೋಡಿದ್ರು. ಪೂರ್ತಿ ಹೋಗಿತ್ತು. "ಅವ್ವ, ಇದು ಕತ್ತರಿಸಿ ಹಾಡು ಹಾಕಿದ್ದು. ಕತ್ತರಿಸ್ದೆ ಇರೋ ಟೇಪು ನನ್ ಬೀರುಲಿ ಐತೆ. ಹುಡುಕಿ ತಂದು ತೋರಿಸ್ತೀನಿ," ಅಂದ್ರು.

ಇದು ಯಾಕೆ ದೊಡ್ಡ ವಿಷ್ಯ ಅಂದ್ರೆ, ಬೇರೆ ಸ್ಟುಡಿಯೋದೋರೆಲ್ಲ ಅದೇ ಟೇಪ್ ಮೇಲೆ ಮತ್ತೆ ಮತ್ತೆ ಮದ್ವೆ ತೆಗೆಯೋರು. ಆಪಾ ಒಂದನ್ನೂ ಅಳಿಸ್ತಿರ್ನಿಲ್ಲ. ಯಾರಾದ್ರೂ ನಕ್ಕರೆ, "ಒಂದ್ ಹುಡುಗನ ಮುಖದ್ ಮೇಲೆ ಇನ್ನೊಬ್ಬನ ಮದ್ವೆ ಹೆಂಗಪ್ಪಾ ಹಾಕ್ಲಿ?" ಅನ್ನೋರು. ಆದ್ರೆ ಹೊಳೆ ದಡದ ಊರು ನಮ್ದು, ತೇವ ಹಿಡಿದು ಟೇಪಿಗೆಲ್ಲ ಬೂಷ್ಟು ಬಂದಿತ್ತು. ಅದುನ್ನ ಓಡ್ಸೋ ಮಿಷನ್ನೂ ಕೆಟ್ಟಿತ್ತು. ಮೈಸೂರಲ್ಲಿ ಒಬ್ಬ ಮೆಕ್ಯಾನಿಕ್ಕು ರಿಪೇರಿ ಮಾಡ್ಕೊಡ್ತೀನಿ ಅಂದ, ಇವತ್ತು ನಾಳೆ ಅಂತ ತಿಂಗಳುಗಟ್ಲೆ ಎಳೆದ.

ಆ ತಿಂಗಳುಗಳಲ್ಲಿ ಬೀರು ಕೆದಕ್ತಾ ಕೆದಕ್ತಾ ಆಪಾ ಬೇರೆ ಟೇಪುಗಳ ಅಂಚಿನ ಹೆಸರೂ ಓದಿದ್ರು. "ಇವ್ನು ಬೂಕನಕೆರೆ ಹತ್ರದೋನು. ಮಿಲಿಟ್ರಿ ಹುಡುಗ. ಗಡೀಲಿ ಉಗ್ರರ ಗುಂಡಿಗೆ ಹೋದ." ನೆಲದ್ ಮೇಲೆ ಟೇಪು ಹರಡ್ಕೊಂಡು ಕೂತಿದ್ದೋರು ನನ್ ಕಡೆ ತಿರುಗಿದ್ರು. "ಮದ್ವೆ ತೆಗೆದೆ, ಹೋಳಿಗೆ ತಿಂದೆ, ಬಂದೆ. ಆಮೇಲೆ ಆ ಮನೇಲಿ ಏನಾಯ್ತು ಅಂತ ಒಂದಿನ ಹೋಗಿ ನೋಡ್ನಿಲ್ವಲ್ಲೇ."

ಅಲ್ಲಿಂದ ಶುರುವಾಯ್ತು. ನೀವು ಡಾಕ್ಯುಮೆಂಟ್ರಿ ಅಂತೀರ. ಆ ಪದ ಅವ್ರ ಬಾಯಲ್ಲಿ ನಾನು ಕೇಳೇ ಇಲ್ಲ. "ಮದ್ವೆ ಆದ್ಮೇಲಿಂದು" ಅನ್ನೋರು. "ನಾಳೆ ಮದ್ವೆ ಆದ್ಮೇಲಿಂದು ತೆಗೆಯೋಕೆ ಹೋಗ್ಬೇಕು, ಮೈಕ್ ಹಿಡಿಯೋಕೆ ಬತ್ತೀಯೇನೇ?" ನಾನು ಹೋದೆ. ನಲವತ್ತು ದಾಟಿದ ಮೇಲೂ "ಹುಡ್ಗಿ" ಅಂತ ಕರೆಯೋರು ಬೇರೆ ಯಾರಿದ್ರು ನಂಗೆ?

ಮೊದಲ ಸಲ ಹೋದ ಮನೇಲಿ ಕ್ಯಾಮೆರಾ ಚೀಲದಿಂದ ಆಚೆ ಬರ್ತಿರ್ನಿಲ್ಲ. ಅವರೆಕಾಯಿ ಬುಡಿಸ್ತಿದ್ರೆ ಇವ್ರೂ ಬುಡ್ಸೋಕೆ ಕೂರೋರು. "ಕ್ಯಾಮೆರಾ ಅಂದ್ರೆ ನೆಂಟ್ರಿದ್ದಂಗೆ ಕಣೇ. ಕರುದ್ರೆ ಬರ್ಬೇಕು, ಹೊತ್ತಾದ್ರೆ ಎದ್ದೋಗ್ಬೇಕು." ಇನ್ನೊಂದು, ಯಾರನ್ನೂ "ನಿಮಗೆ ಹೆಂಗನ್ನಿಸ್ತು" ಅಂತ ಕೇಳ್ತಿರ್ನಿಲ್ಲ. ಅವ್ರು ಕೇಳ್ತಿದ್ದಿದ್ದೇ ಬೇರೆ.

ಬೂಕನಕೆರೆ ಹತ್ರದ ಆ ಮನೇಲಿ ಕಂಡೆ. ಎರಡನೇ ಸಲ ಹೋದಾಗ ಹುಡುಗನ ಅಪ್ಪ ಹಸು ಕರೀತಿದ್ರು. ಟೀವಿಯೋರು ಬಂದು ಹೋಗಿದ್ದ ಮನೆ ಅದು. ಮೈಕು ಕಂಡಿದ್ದೇ ತಡ, ಆ ಯಪ್ಪ ಎದ್ದು, ಎದೆ ಸೆಟೆಸ್ಕೊಂಡು, "ನನ್ನ ಮಗ ದೇಶಕ್ಕಾಗಿ ತನ್ನ ಪ್ರಾಣವನ್ನು..." ಅಂತ ಬಾಯಿಪಾಠ ಒಪ್ಪಿಸೋಕೆ ಶುರು ಮಾಡಿದ್ರು. ಆಪಾ ಮೆಲ್ಲಗೆ ಕೇಳಿದ್ರು:

"ಅವತ್ತು ಮನೇಲಿ ಏನ್ ಸಾರು ಗೌಡ್ರೆ?"

ಸೆಟೆದಿದ್ದ ಎದೆ ಅಂಗೇ ಕುಸೀತು. ಹಾಲಿನ ಚೊಂಬು ಕೈಲಿ ಹಿಡ್ಕೊಂಡೇ ಕಟ್ಟೆ ಮೇಲೆ ಕೂತ್ಕೊಂಡ್ರು.

"ಉಪ್ಸಾರು," ಅಂದ್ರು. "ನಮ್ಮೋಳು ಮುದ್ದೆಗೆ ಹಿಟ್ ತೊಳಸ್ತಿದ್ಲು. ಪೋನ್ ಬಂತು. ಕೋಲು ಕೈಲೇ ಇತ್ತು ಕಣವ್ವ, ಅಂಗೇ ಹಿಡ್ಕಂಡು ಬೀದಿಗಂಟ ಓಡೋದ್ಲು. ಒಲೆ ಮೇಲೇ ಹಿಟ್ಟು ಕಲ್ಲಾಯ್ತು. ಆ ಪಾತ್ರೆ ತೊಳೆಯಕ್ಕೆ ಯಾರ್ಗೂ ಕೈ ಬರ್ನಿಲ್ಲ. ಅಟ್ಟದ್ ಮ್ಯಾಲೆ ಐತೆ."

ಯಾವ ಟೀವಿಗೂ ಆ ಯಪ್ಪ ಇದುನ್ನ ಹೇಳಿರ್ನಿಲ್ಲ. ಯಾಕಂದ್ರೆ ಯಾರೂ ಸಾರು ಕೇಳಿರ್ನಿಲ್ಲ. ಆಪಾನ ಕ್ಯಾಮೆರಾ ಬಂಡೆ ಥರ ನಿಂತಿತ್ತು.

ಆ ಮನೆಗೆ ಮೊದಲ ಸಲ ಹೋಗಿದ್ದಾಗ ಇನ್ನೊಂದು ಆಯ್ತು. ಎದ್ದು ಹೊರಡೋವಾಗ ನಾನು ರೂಢಿ ಮೇಲೆ "ಹೋಗ್ಬ..." ಅಂದೆ. ಆಪಾ ನನ್ ತೋಳಿಗೆ ಯಾವ ಥರ ಚಿವುಟಿದ್ರು ಅಂದ್ರೆ, ಉಳಿದಿದ್ದು ಗಂಟ್ಲಲ್ಲೇ ಉಳೀತು. ಸಾವಿನ ಮನೆಗೆ ಮಾತಾಡ್ಸೋಕೆ ಹೋದೋರು "ಹೋಗ್ಬತ್ತೀನಿ" ಅಂತ ಹೇಳಿ ಹೊರಡಂಗಿಲ್ಲ, ಸುಮ್ನೆ ಎದ್ದು ಬರ್ಬೇಕು. ಹೇಳಿದ್ರೆ ಸಾವು ಮತ್ತೆ ಆ ಮನೆಗೆ ಬತ್ತದೆ ಅಂತ. ಬೀದಿಗೆ ಬಂದ್ಮೇಲೆ ಆಪಾ ಬೈದ್ರು. "ಗೌಡ್ರ ಮನೆ ಹೆಣ್ಣು ನೀನು. ಇದುನ್ನೂ ನಾನೇ ಕಲಿಸ್ಬೇಕೇನೇ?"

ಅಷ್ಟು ಪದ್ಧತಿ ಗೊತ್ತಿದ್ದೋರು. ಆ ಗೊತ್ತಿದ್ದುದ್ದೇ ನಾಗಮಂಗಲದ ಕಡೆ ಎಡವಿಸ್ತು.

ಪುಟ್ತಾಯಮ್ಮನ ಮನೆಗೆ ಮೊದಲ ಸಲ ಹೋದ್ವಿ. ಟೇಪು ಇನ್ನೂ ರೆಡಿ ಆಗಿರ್ನಿಲ್ಲ, ಅದುನ್ನ ಹೇಳಿ, ಮಾತಾಡಿಸ್ಕೊಂಡು ಬರೋಣ ಅಂತ. ಹುಡುಗನ ಮದ್ವೆ ಫೋಟೋ ಗೋಡೆ ಮೇಲಿತ್ತು. ಹಾರ ಇಲ್ಲ. ಅದುರ ಕೆಳಗೇ ಹುಡುಗನ ದೊಡ್ಡಪ್ಪ ಕೂತಿದ್ರು. ನಾವು ಒಳಗೆ ಬಂದಾಗಿಂದ ಎದ್ದು ಬರೋಗಂಟ ಅವ್ರದ್ದೇ ಮಾತು.

"ಒಳ್ಳೆ ಉಡುಗ ಆಗಿದ್ದ ಕಣವ್ವ. ಏನ್ ಮಾಡೀರಿ, ನಮ್ ರುಣ ಅಷ್ಟೇ ಇತ್ತು. ನೀವಾರಾ ಇವ್ಳಿಗೆ ಬುದ್ಧಿ ಯೋಳಿ. ಒಂದ್ ತಿಥಿ ಮಾಡ್ಬುಟ್ರೆ ಅವ್ನಿಗೂ ಗತಿ, ನಮ್ಗೂ ನೆಮ್ಮದಿ. ಸೊಸೆ ಉಡ್ಗಿ ಆದ್ರೂ ಎಷ್ಟ್ ದಿನ ಇಂಗೇ ಇರ್ತಾಳೆ?"

ಪುಟ್ತಾಯಮ್ಮ ಅಡುಗೆ ಮನೇಲಿದ್ರು. ಕಾಫಿ ತಂದ್ಕೊಟ್ಟು ಮತ್ತೆ ಒಳಗೋದ್ರು. ದೊಡ್ಡಪ್ಪನ ಮಾತು ಕೇಳಿ ಕೇಳಿ ನಮ್ ತಲೇಲೂ ಅದೇ ಕೂತ್ಕೊಂಡಿತ್ತು ಅನ್ಸುತ್ತೆ. ಹೊತ್ತಾಯ್ತು. ಆಪಾ ಸೆರಗು ಎಳ್ಕೊಂಡು, ನನ್ ಕಡೆ ಕಣ್ಣಲ್ಲೇ ಸನ್ನೆ ಮಾಡಿ, ಸದ್ದಿಲ್ದಂಗೆ ಎದ್ದು ಬಂದ್ಬುಟ್ರು.

ಬೀದಿ ಕೊನೆ ಹೊಂಗೆ ಮರದ ಹತ್ರ ಬಂದಿದ್ವಿ. ಹಿಂದೆ ದಬದಬ ಹೆಜ್ಜೆ ಸದ್ದು. ತಿರುಗಿ ನೋಡಿದ್ರೆ ಪುಟ್ತಾಯಮ್ಮ. ಬರಿಗಾಲು, ಕೈಲಿ ನಾವು ಕುಡಿದಿಟ್ಟಿದ್ದ ಲೋಟ.

"ಯಾಕ್ ಆಪಮ್ಮ, ಯೋಳ್ದೆ ಓಯ್ತಿದ್ದೀಯ?"

ಆಪಾ ನಿಂತ್ರು.

"ಬಂದೋರೆಲ್ಲ ಇಂಗೇ. ನೆಂಟ್ರೂ ಇಂಗೇ, ನನ್ ತವರ್ನೋರೂ ಇಂಗೇ. ಕಾಪಿ ಕುಡೀತಾರೆ, ಬಾಯಿ ಒರೆಸ್ಕತಾರೆ, ಯೋಳ್ದೆ ಎದ್ದೋಯ್ತಾರೆ. ನೀನು ನನ್ ಮಗನ್ನ ತತ್ತೀನಿ ಅಂದೋಳು. ನೀನೂ ಇಂಗೇನಾ? ಸಾವಿನ್ ಮನೆನಾ ನಂದು? ಯಾರ್ ಕಂಡವ್ರೆ ನನ್ ಮಗನ್ ಎಣವ?"

ಬೀದೀಲಿ ಜನ ಬಾಗಿಲಿಗೆ ಬಂದು ನಿಂತಿದ್ರು. ನಾನಾಗಿದ್ರೆ ತಪ್ಪಾಯ್ತು ಅಂತಿದ್ದೆ, ಕೈ ಹಿಡ್ಕೊಂತಿದ್ದೆ, ಅತ್ಬುಡ್ತಿದ್ದೆ. ಆಪಾ ಅದ್ಯಾವ್ದೂ ಮಾಡ್ನಿಲ್ಲ. ಸುಮ್ನೆ ತಿರುಗಿದ್ರು. ಪುಟ್ತಾಯಮ್ಮನ ಪಕ್ಕದಲ್ಲೇ ದಾಟ್ಕೊಂಡು ಮನೆ ಕಡೆ ನಡೆದ್ರು. ಬೂಟು ಮತ್ತೆ ಬಿಚ್ಚಿದ್ರು. ಒಳಗೋದ್ರು. ನಾವಿಬ್ರೂ ಬೀದೀಲಿ ಬಾಯಿ ಬುಟ್ಕೊಂಡು ನಿಂತಿದ್ರೆ ಒಳಗಿಂದ ದನಿ ಬಂತು.

"ಅವ್ವಾ, ಕಾಫಿ ಇನ್ನೂ ಐತಾ?"

ಪುಟ್ತಾಯಮ್ಮ ಒಲೆ ಹಚ್ಚಿದ್ರು. ಆಪಾ ಮೊದ್ಲು ಕೂತಿದ್ದ ಜಾಗದಲ್ಲೇ ಕೂತು, ಆ ಕಾಫೀನ ತಣ್ಣಗೆ ಕುಡಿದ್ರು. ದೊಡ್ಡಪ್ಪ ಏನೋ ಹೇಳೋಕೆ ಬಾಯಿ ತೆಗೆದ್ರು, ಈ ಒಂಟಿ ಉಂಗುರದ ಕಣ್ಣು ನೋಡಿ ಸುಮ್ನಾದ್ರು. ಲೋಟ ಕೆಳಗಿಟ್ಟು ಆಪಾ ಎದ್ರು. ಹೊಸಲ ಮೇಲೆ ಬಂದು ನಿಂತು, ಇಡೀ ಬೀದಿಗೆ ಕೇಳೋ ಥರ ಕೂಗಿದ್ರು.

"ಪುಟ್ತಾಯವ್ವಾ! ಹೋಗ್ಬತ್ತೀನಿ ಕಣವ್ವಾ!"

ಪುಟ್ತಾಯಮ್ಮ ಒಳಗಿಂದ ಓಡಿ ಬಂದ್ರು. ಕಣ್ಣಲ್ಲಿ ನೀರು, ಬಾಯಲ್ಲಿ ನಗು.

"ಊ ಕಣವ್ವ, ಓಗ್ಬಾ."

ಬಸ್ಸು ಪಾಂಡವಪುರಕ್ಕೆ ಬಂತು. ಆಪಾ ಕಿಟಕಿ ಕಡೆ ನೋಡ್ತಾನೇ, "ಪದ್ಧತಿ ನೋಡ್ದೆ ಕಣೇ, ಮನೆ ನೋಡ್ನಿಲ್ಲ," ಅಂದ್ರು.

ಪಾಂಡವಪುರ ಅಂದ್ನಲ್ಲ, ಅಲ್ಲೇ ಆ ಕಡೆ ಇನ್ನೊಂದು ಮನೆ ಇತ್ತು. ಯಾವ ಊರು, ಯಾವ ಜನ ಅಂತ ಕಾಮೆಂಟಲ್ಲಿ ಕೇಳ್ಬ್ಯಾಡಿ, ಹೇಳಲ್ಲ. ಆ ಮನೆ ಹುಡುಗ ಫೋನಲ್ಲಿ ಯಾರ್ಯಾರದ್ದೋ ಮಾತು ಕೇಳಿ ಕೇಳಿ, ಕೊಲ್ಲೋದೇ ಪುಣ್ಯ ಅನ್ನೋರ ಜೊತೆ ಸೇರ್ಕೊಂಡು, ಎಲ್ಲೋ ದೂರದಲ್ಲಿ ಸತ್ತ. ಆ ಮನೆಗೆ ಒಂದು ನರಪಿಳ್ಳೆ ಹೋಗ್ತಿರ್ನಿಲ್ಲ. ಆಪಾ ಹೋಗೋರು. ಕ್ಯಾಮೆರಾ ಇಲ್ದೆ. ಆ ತಾಯಿ ತೆಗೀಬ್ಯಾಡಿ ಅಂದಿದ್ರು, ಇವ್ರು ಮತ್ತೆ ಕೇಳೇ ಇಲ್ಲ. ಸುಮ್ನೆ ಬಾಳೆಹಣ್ಣು ತಗೊಂಡು ಹೋಗಿ ಕೂತು ಬರೋರು.

ಪೇಟೆ ಬೀದೀಲಿ ಪಕ್ಕದಂಗಡಿಯೋರು ಒಂದಿನ ಹೇಳೇಬುಟ್ರು. "ಆಪಾ, ಆ ಮನೆಗ್ಯಾಕೆ ಹೋಗ್ತೀರ? ಹೆಸರು ಕೆಟ್ಟೋಯ್ತದೆ."

"ಹುಡುಗ ಮಾಡಿದ್ದು ಪಾಪ. ಬೆಂಕಿಗೆ ಹಾಕು ಅವ್ನ ಮಾತ," ಅಂದ್ರು ಆಪಾ. "ಅವ್ನಿಗೆ ತಾಯಿ ಹಿಟ್ಟು ಬೇಯ್ಸಿ ಹಾಕಿದ್ದೂ ಪಾಪನೇನಪ್ಪ?"

ನಾನು ಆಮೇಲೆ ಕೇಳ್ದೆ, ಆ ಮನೆಯಿಂದ ಹೆಂಗ್ ಬತ್ತೀರ, ಹೇಳಿ ಬತ್ತೀರೋ, ಹೇಳ್ದೆನೋ ಅಂತ. ಕ್ಯಾಮೆರಾ ಲೆನ್ಸ್ ಒರೆಸ್ತಿದ್ದೋರು ಕೈ ನಿಲ್ಸಿದ್ರು.

"ಹೇಳ್ದೆ ಎದ್ದು ಬತ್ತೀನಿ. ಹೇಳ್ದೆ ಎದ್ದು ಬರೋಕಾದ್ರೂ ಒಬ್ರು ಆ ಮನೆಗೆ ಹೋಗ್ಬೇಕಲ್ಲ ಕಣೇ."

ಇಂಥಾ ಮಾತು ಆಡಿ ಮತ್ತೆ ಲೆನ್ಸ್ ಒರೆಸೋಕೆ ಕೂತ್ಕೊಳ್ಳೋರು, ಏನೂ ಆಗೇ ಇಲ್ಲ ಅನ್ನಂಗೆ.

ಪುಟ್ತಾಯಮ್ಮನ ಮನೆ ಶೂಟಿಂಗ್ ಮಳೆ, ಬೆಳೆ, ಕುಯ್ಲು ಎಲ್ಲಾ ದಾಟಿ ನಡೀತು. ಕತ್ತರಿಸಿ ಜೋಡಿಸಿ ಒಂದು ರೂಪಕ್ಕೆ ಬಂದಾಗ ಬೆಂಗ್ಳೂರಿನ ಚಾನೆಲ್ಲಿಂದ ಒಬ್ಬ ಹುಡುಗ ನೋಡೋಕೆ ಬಂದ. ಮನೆಯೋರು ನೋಡ್ದೆ ಊರು ನೋಡಂಗಿಲ್ಲ ಅನ್ನೋದು ಆಪಾನ ಕಟ್ಟುನಿಟ್ಟು, ಅದುಕ್ಕೆ ಆ ಮನೆಯೋರು ನೋಡಿ ಒಪ್ಪಿದ್ದಷ್ಟನ್ನೇ ತೋರ್ಸಿದ್ರು. ಹುಡುಗ ಒಳ್ಳೇವ್ನೇ, ಸುಳ್ಳು ಹೇಳಲ್ಲ. ನೋಡಿ ಕಣ್ಣು ಒರೆಸ್ಕೊಂಡ. ಎರಡು ದಿನ ಬುಟ್ಟು ಮತ್ತೆ ಬಂದು ಶುರು ಮಾಡ್ದ.

"ಮೇಡಂ, ತುಂಬಾ ಚ್ನಾಗಿದೆ. ನಾವು ಹಾಕ್ತೀವಿ, ಇಡೀ ರಾಜ್ಯ ನೋಡುತ್ತೆ. ಆದ್ರೆ ಎಂಡಿಂಗ್ ಇಲ್ಲ. ಆ ಡ್ರೈವರ್ ಇದಾನಾ ಇಲ್ವಾ ಅಂತ ಜನಕ್ಕೆ ಗೊತ್ತಾಗ್ಬೇಕು. ಒಂದೇ ಒಂದು ಶಾಟ್. ಆ ಫೋಟೋಗೆ ಹಾರ ಹಾಕಿ, ಅಮ್ಮ ದೀಪ ಹಚ್ಚೋ ಥರ. ಅವ್ರ ದೊಡ್ಡಪ್ಪ ಒಪ್ಪಿದಾರೆ, ನಾನು ಫೋನ್ ಮಾಡಿದ್ದೆ. ಐದು ನಿಮಿಷದ ಕೆಲಸ."

ಅಷ್ಟು ವರ್ಷ ಹೆಗಲು ಇಳಿಯೋಗಂಟ ಬೇರೆಯೋರ ಮದ್ವೆ ಹೊತ್ತಿದ್ದೋರಿಗೆ ಸ್ವಂತದ್ದು ಅಂತ ಇದ್ದಿದ್ದು ಇದೊಂದೇ ಸಿನಿಮಾ. ಎಲ್ರೂ ನೋಡ್ಬೇಕು ಅಂತ ಆಸೆ ಅವ್ರಿಗೂ ಇತ್ತು, ನಂಗೆ ಗೊತ್ತು.

"ಐದು ನಿಮಿಷ ಆದ್ಮೇಲೆ ಹಾರ ತೆಗೀಬೋದಾ?" ಅಂತ ಕೇಳಿದ್ರು ಆಪಾ.

"ಅಯ್ಯೋ, ತೆಗೆದ್ಬಿಡೋಣ ಮೇಡಂ."

"ನಿಮ್ ತಂದೆಯೋರು ಇದಾರೇನಪ್ಪ?"

"ಇದಾರೆ."

"ಆಯಸ್ಸು ಹೆಚ್ಚಲಿ. ಇವತ್ತು ಮನೆಗೆ ಹೋಗಿ ಅವ್ರ ಫೋಟೋಗೆ ಐದು ನಿಮಿಷ ಹಾರ ಹಾಕಿ, ನಿಮ್ ತಾಯಿ ಕೈಲಿ ದೀಪ ಹಚ್ಸಿ. ತೆಗೆದ್ಮೇಲೆ ಮನೇಲಿ ಎಲ್ಲಾ ಮೊದ್ಲಿನಂಗೇ ಇದ್ರೆ ನಂಗೊಂದು ಫೋನ್ ಹಾಕಿ. ನಾನೂ ಮಾಡ್ಕೊಡ್ತೀನಿ."

ಆ ಹುಡುಗ ಎದ್ದ. ಹೇಳ್ದೇನೇ ಹೋದ. ಫೋನ್ ಬರ್ನಿಲ್ಲ.

ಅದಾಗಿ ಸ್ವಲ್ಪ ದಿನಕ್ಕೆ ಮೈಸೂರಿಂದ ಮಿಷನ್ ಬಂತು, ಟೇಪ್ ಓಡ್ತು. ಆಪಾ ನಂಗೂ ತೋರಿಸ್ನಿಲ್ಲ. ಅದುನ್ನ ಲ್ಯಾಪ್‌ಟಾಪಿಗೆ ತುಂಬ್ಕೊಂಡು ಸೀದಾ ನಾಗಮಂಗಲದ ಬಸ್ ಹತ್ತಿದ್ವಿ. ಮಧ್ಯಾಹ್ನ. ಸೊಸೆ ಗಾರ್ಮೆಂಟ್ಸಿಗೆ ರಜ ಹಾಕಿದ್ಲು. ದೊಡ್ಡಪ್ಪ "ಇದೆಲ್ಲಾ ಯಾಕ್ ಬೇಕಿತ್ತು" ಅಂತ ಗೊಣಗ್ತಾ ಅದೇ ಫೋಟೋ ಕೆಳಗೆ ಕೂತಿದ್ರು. ಬಾಗಿಲು ಮುಚ್ಚಿ ಟೀವಿಗೆ ವೈರ್ ಚುಚ್ಚಿದ್ವಿ.

ಚಪ್ಪರ. ಓಲಗ. ಯಾರೋ ಮಗು ಅಳ್ತದೆ. ಬಾಸಿಂಗ ಕಟ್ಟಿದ್ದ ಮದ್ವೆ ಗಂಡು, ಬೆವರು ಒರೆಸ್ಕೊಂತಾ, ಇದ್ದಕ್ಕಿದ್ದಂಗೆ ಸೀದಾ ಕ್ಯಾಮೆರಾ ಒಳಗೇ ನೋಡ್ದ. ಅಂದ್ರೆ ಸೀದಾ ನಮ್ಮನ್ನೇ ನೋಡ್ದ.

"ಆಪಾ, ಊಟ ಆಯ್ತಾ?"

ಕ್ಯಾಮೆರಾ ಹಿಂದಿಂದ ಅವಾಗಿನ ಆಪಾನ ದನಿ: "ಆಮೇಲ್ ಮಾಡ್ತೀನಪ್ಪ. ಅಲ್ನೋಡು, ಅಯ್ನೋರು ಕರೀತಾವ್ರೆ."

"ಆಮೇಲ್ ಗೀಮೇಲ್ ಇಲ್ಲ. ಲೇ, ಯಾರ್ಲಾ ಅಲ್ಲಿ? ಆಪಂಗೆ ಮೊದ್ಲು ಎಲೆ ಆಕ್ರಲಾ!"

ಅಷ್ಟೊತ್ತಿಗೆ ಪಕ್ಕದಿಂದ ದೊಡ್ಡಪ್ಪ, ಇನ್ನೂ ಕಪ್ಪು ಮೀಸೆ, ತಲೆಗೊಂದು ಮೊಟಕಿದ್ರು. "ಮದ್ವೆ ಗಂಡು ಕಣ್ಲಾ ನೀನು, ಅಡ್ಗೆ ಭಟ್ಟ ಅಲ್ಲ. ಮುಚ್ಕಂಡ್ ಕೂತ್ಕಳ್ಲಾ!" ಹುಡುಗ ನಾಲ್ಗೆ ಕಚ್ಚಿ ನಕ್ಕ.

ಸೊಸೆ ಬಾಯಿಗೆ ಸೆರಗು ಅಡ್ಡ ಹಿಡ್ಕೊಂಡು ನಗ್ತಿದ್ಲು, ಭುಜ ಅಲುಗ್ತಿತ್ತು, ಆಮೇಲೆ ಅದು ನಗು ಅಲ್ಲ ಅಂತ ಗೊತ್ತಾಯ್ತು. ಪುಟ್ತಾಯಮ್ಮ ಟೀವಿ ಹತ್ರಕ್ಕೆ ಜರುಗಿ ಜರುಗಿ ಮೂಗು ತಾಗೋ ಅಷ್ಟು ಹತ್ರ ಕೂತಿದ್ರು. "ಇನ್ನೊಂದ್ ಕಿತ ಆಕವ್ವ." ಆಪಾ ಹಾಕಿದ್ರು. "ಇನ್ನೊಂದ್ ಕಿತ." ಹಾಕಿದ್ರು. ಎಷ್ಟು ಸಲ ಅಂತ ನಾನು ಎಣಿಸ್ನಿಲ್ಲ.

"ಅವಾಗ ಸೀಡೀಲಿ ಇದುನ್ನ ಕತ್ತರಿಸಿ ಹಾಕಿದ್ದೆ ಅವ್ವ," ಅಂದ್ರು ಆಪಾ ನಿಧಾನಕ್ಕೆ. "ಮದ್ವೆ ಗಂಡು ಬಾಯಿ ಬುಟ್ರೆ ಚೆಂದ ಕಾಣಲ್ಲ ಅಂತ. ಆದ್ರೆ ಮರೀನಿಲ್ಲ. ಅಷ್ಟು ಮದ್ವೇಲಿ ನಂಗೆ ಊಟ ಆಯ್ತಾ ಅಂತ ಕೇಳಿದ್ ಮದ್ವೆ ಗಂಡು ಇವನೊಬ್ನೇ."

ದೊಡ್ಡಪ್ಪ ಎದ್ದು ಹಿತ್ಲಿಗೆ ಹೋದ್ರು. ನೀರು ಎರಚ್ಕೊಳ್ಳೋ ಸದ್ದು ಬಹಳ ಹೊತ್ತು ಕೇಳ್ತು. ಒದ್ದೆ ಮುಖದಲ್ಲೇ ಒಳಗೆ ಬಂದ್ರು, ಬಾಗಿಲ ಹತ್ರ ನಿಂತ್ಕೊಂಡ್ರು, ಗಂಟ್ಲು ಸರಿ ಮಾಡ್ಕೊಂಡ್ರು.

"ಆಪಮ್ಮ, ಊಟ ಆಯ್ತಾ?"

ಆಗಿಲ್ಲ ಅಂದ್ರು ಆಪಾ. ಆ ದೊಡ್ಡಪ್ಪ ತಾವೇ ಹೋಗಿ ಹಿತ್ಲಿಂದ ಬಾಳೆ ಎಲೆ ಕುಯ್ದು ತಂದು, ತೊಳೆದು, ಹಾಕಿದ್ರು. ಆಮೇಲೆ ಅವ್ರ ಬಾಯಲ್ಲಿ ತಿಥಿ ಅನ್ನೋ ಮಾತು ಬರ್ನಿಲ್ಲ.

ಸಿನಿಮಾ ಯಾವ ಚಾನೆಲ್ಲಲ್ಲೂ ಬರ್ನಿಲ್ಲ. ಶ್ರೀರಂಗಪಟ್ಟಣದಲ್ಲೇ ಒಂದು ಸಣ್ಣ ಛತ್ರದಲ್ಲಿ, ಒಂದು ಭಾನುವಾರ ಮಧ್ಯಾಹ್ನ, ಪರದೆ ಕಟ್ಟಿ ತೋರಿಸಿದ್ರು. ಎಲ್ಲಿ ಬೇಕಾದಷ್ಟು ಮದ್ವೆ ತೆಗೆದಿದ್ರೋ ಅದೇ ಛತ್ರ. ಬೂಕನಕೆರೆ ಹತ್ರದ ಆ ಅಪ್ಪ ಅಮ್ಮ ಮುಂದಿನ ಸಾಲಲ್ಲಿ. ಪುಟ್ತಾಯಮ್ಮನ ಊರಿಂದ ಒಂದು ಟೆಂಪೋ ಜನ. ಕಟ್ಟಕಡೆ ಸಾಲಲ್ಲಿ, ಮುಖ ತುಂಬ ಸೆರಗು ಹೊದ್ಕೊಂಡು ಪಾಂಡವಪುರದ ಕಡೆಯ ಆ ತಾಯಿ. ಆಪಾ ಅವ್ರ ಪಕ್ಕದಲ್ಲೇ ಕೂತಿದ್ರು.

ಎಂಡಿಂಗ್ ಏನು ಗೊತ್ತಾ? ಆಪಾ ಕ್ಯಾಮೆರಾ ಹೊತ್ಕೊಂಡು ಪುಟ್ತಾಯಮ್ಮನ ಮೆಟ್ಲು ಇಳೀತಾರೆ. ಹಿಂದಕ್ಕೆ ತಿರುಗ್ತಾರೆ. ದನಿ ಮಾತ್ರ: "ಹೋಗ್ಬತ್ತೀನವ್ವಾ!" ಬಾಗಿಲಲ್ಲಿ ನಿಂತ ಪುಟ್ತಾಯಮ್ಮ ಸೀದಾ ನಮ್ಮನ್ನೇ ನೋಡಿ, "ಊ ಕಣವ್ವ, ಓಗ್ಬಾ" ಅಂತಾರೆ. ನೋಡ್ತಾನೇ ನಿಂತಿರ್ತಾರೆ. ಅಲ್ಲಿಗೆ ಮುಗೀತು.

ಛತ್ರದಲ್ಲಿ ಒಬ್ರೂ ಏಳ್ನಿಲ್ಲ. ಆ ಟೆಂಪೋ ಜನ ತಲೆ ಬಗ್ಗಿಸ್ಕೊಂಡು ಕೂತಿದ್ರು. ಅವತ್ತಿಂದ ಆ ಊರಲ್ಲಿ ಪುಟ್ತಾಯಮ್ಮನ ಮನೆಗೆ ಬಂದೋರು, ಉಪ್ಪು ಈಸ್ಕೊಳ್ಳೋಕೆ ಬಂದೋರೂ, ಹೊಸಲಲ್ಲಿ ನಿಂತು ಹೇಳಿ ಹೋಗ್ತಾರಂತೆ. "ಕಿವಿ ತೂತ್ ಬೀಳಂಗೆ ಕೂಗ್ತಾರೆ ಕಣವ್ವ," ಅಂತ ಪುಟ್ತಾಯಮ್ಮನೇ ನಂಗೆ ನಗ್ತಾ ಹೇಳಿದ್ರು.

ಆಪಾ ಹೋದ ವರ್ಷ ತೀರ್ಕೊಂಡ್ರು. ಕಾಯ್ಲೆ ಕಸಾಲೆ ಏನಿಲ್ಲ. ಬೆಳಗಿನ ನಮಾಜಿಗೆ ಎದ್ದೋರು ಹಂಗೇ ಗೋಡೆಗೆ ಒರಗಿದ್ರಂತೆ. ನಾನು ಹೋದಾಗ ಹೆಂಗುಸ್ರು ಸುತ್ತ ಕೂತು ಓದ್ತಿದ್ರು. ಬಿಳಿ ಬಟ್ಟೇಲಿ ಮುಖ ಅಷ್ಟೇ ಕಾಣ್ತಿತ್ತು. ಎರಡೂ ಕಣ್ಣು ಮುಚ್ಚಿತ್ತು, ಬಲಗಣ್ಣಿನ ಉಂಗುರ ಮಾತ್ರ ಹಂಗೇ ಇತ್ತು. ಇನ್ನೂ ಏನೋ ನೋಡ್ತಾವ್ರೇನೋ ಅನ್ನಂಗೆ.

ಪುಟ್ತಾಯಮ್ಮಂಗೆ ನಾನೇ ಫೋನ್ ಮಾಡಿದ್ದೆ. ಬರ್ತಾರೆ ಅಂದ್ಕೊಂಡಿರ್ನಿಲ್ಲ. ಮಗ ಕಾಣೆ ಆದಾಗಿಂದ ಆ ಹೆಂಗುಸು ಒಂದೇ ಒಂದು ಸಾವಿನ ಮನೆಗೆ ಕಾಲಿಟ್ಟಿರ್ನಿಲ್ಲ, ಸ್ವಂತ ಅಣ್ಣ ಸತ್ರೂ ಹೋಗಿರ್ನಿಲ್ಲ. ಬಂದ್ರು. ಎರಡು ಬಸ್ಸು ಬದಲಾಯಿಸ್ಕೊಂಡು ಬಂದ್ರು. ಆಪಾನ ಮನೆ ಹೆಂಗುಸ್ರು ಜರುಗಿ ಜಾಗ ಮಾಡ್ಕೊಟ್ರು. ಪುಟ್ತಾಯಮ್ಮ ಕೂತು, ಆ ಮುಖನ ನೋಡಿದ್ರು. ನೋಡಿದ್ರು. ಮಗನ್ನ ಟೀವೀಲಿ ನೋಡಿದ್ರಲ್ಲ, ಅಷ್ಟು ಹತ್ರ ಬಗ್ಗಿ.

ಆಮೇಲೆ ಎದ್ರು. ಹೊಸಲ ಹತ್ರ ಬಂದು ಬಾಗಿಲ ಚೌಕಟ್ಟು ಹಿಡ್ಕೊಂಡು ನಿಂತ್ರು. ಈಯಮ್ಮ ಈಗ ಕೂಗ್ತಾರೆ, ಸಾವಿನ ಮನೇಲಿ ನಿಂತ್ಕೊಂಡು ಹೋಗ್ಬತ್ತೀನಿ ಅಂತ ಕೂಗೇ ಕೂಗ್ತಾರೆ ಅಂದ್ಕೊಂಡೆ. ಪುಟ್ತಾಯಮ್ಮ ಸೆರಗು ಎಳ್ಕೊಂಡ್ರು. ಒಂದು ಮಾತು ಆಡ್ದಂಗೆ ಮೆಟ್ಲು ಇಳಿದ್ರು.

ಬಸ್ ಸ್ಟ್ಯಾಂಡ್‌ಗಂಟ ಜೊತೇಲಿ ನಡೆದೆ. ಬಸ್ಸಿಗೆ ಕಾಯ್ತಾ ಅವ್ರೇ ಬಾಯಿ ಬುಟ್ರು.

"ಮುಕ ನೋಡ್ದೆ ಕಣವ್ವ. ಮುಕ ನೋಡಿದ್ಮ್ಯಾಲೆ ಯೋಳ್ದೆ ಬರ್ಬೋದು." ಬಸ್ಸು ಬರೋ ದಿಕ್ಕಿಗೆ ಕಣ್ಣು ಇಟ್ಕೊಂಡಿದ್ರು. "ನನ್ ಮಗಂದು ಇನ್ನೂ ನೋಡಿಲ್ಲ."

ಆಪಾನ ಟೇಪುಗಳು ಈಗ ಬಾಬುರಾಯನಕೊಪ್ಪಲಲ್ಲಿ ನಮ್ಮನೇಲಿವೆ, ತೇವ ಇಲ್ದಿರೋ ರೂಮಲ್ಲಿ. ಬಾಯಿ ಬಡ್ಕಿ ಆದ ನಂಗೆ ಸುಮ್ನೆ ಕೂತು ಕೇಳೋದು ಕಲಿಸಿದ್ದು ಅವ್ರು. ಇವತ್ತಿಗೂ ಯಾರ ಮನೆಗಾದ್ರೂ ಕಥೆ ಕೇಳೋಕೆ ಹೋದ್ರೆ ಮೊದ್ಲು ಸಾರು ಕೇಳ್ತೀನಿ.

ಮೊನ್ನೆ ನಾಗಮಂಗಲದ ಕಡೆ ಹೋಗಿದ್ದೆ. ಪುಟ್ತಾಯಮ್ಮಂಗೆ ಈಗ ಕಿವಿ ಮಂದ. ಕಾಫಿ ಕುಡಿದು, ಎದ್ದು, ಹೊಸಲ ಮೇಲೆ ನಿಂತು ಕೂಗ್ದೆ. ಕೇಳಿಸ್ನಿಲ್ಲ. ಒಳಗೆ ಪಾತ್ರೆ ತೊಳೀತಿದ್ರು. ಬಸ್ಸಿಗೆ ಹೊತ್ತಾಗಿತ್ತು. ಚಪ್ಪಲಿ ಬಿಚ್ಚಿ ಮತ್ತೆ ಒಳಗೋದೆ, ಹತ್ರ ನಿಂತ್ಕೊಂಡು, ಕಿವಿಗೆ ಬಾಯಿ ಇಟ್ಟು ಹೇಳ್ದೆ.

"ಊ ಕಣವ್ವ, ಓಗ್ಬಾ," ಅಂದ್ರು.

ಆಮೇಲೇ ಮೆಟ್ಲು ಇಳಿದೆ.